ಎ. ಕೆ. ರಾಮಾನುಜನ್

ಅತ್ತಿಪಟ್ ಕೃಷ್ಣಸ್ವಾಮಿ ರಾಮಾನುಜನ್ (16 ಮಾರ್ಚ್ 1929 – 13 ಜುಲೈ 1993) ಅವರು ಕನ್ನಡ ಮತ್ತು ಇಂಗ್ಲಿಷ್ ಭಾಷೆಗಳ ಕವಿ, ಅನುವಾದಕ, ಭಾಷಾವಿಜ್ಞಾನಿ ಹಾಗೂ ಜಾನಪದ ವಿದ್ವಾಂಸರು. ಮೈಸೂರಿನಲ್ಲಿ ಹುಟ್ಟಿ ಬೆಳೆದ ಇವರು 1959ರಲ್ಲಿ ಅಮೆರಿಕಕ್ಕೆ ತೆರಳಿದರು. 1962ರಿಂದ ಜೀವಿತದ ಕೊನೆಯವರೆಗೆ ಷಿಕಾಗೊ ವಿಶ್ವವಿದ್ಯಾಲಯದಲ್ಲಿ ಅಧ್ಯಾಪಕರಾಗಿದ್ದರು. ಹನ್ನೆರಡನೆಯ ಶತಮಾನದ ವಚನಗಳು, ತಮಿಳಿನ ಸಂಗಂ ಕಾವ್ಯ, ಆಳ್ವಾರರ ಪಾಶುರಗಳು ಹಾಗೂ ಕನ್ನಡದ ಜನಪದ ಕಥೆಗಳು ಇಂಗ್ಲಿಷ್ ಓದುಗರಿಗೆ ಪರಿಚಯವಾದದ್ದರಲ್ಲಿ ಇವರ ಪಾಲು ಬಹಳ ದೊಡ್ಡದು. ಇವರ ಮೂರೂ ಕನ್ನಡ ಕವನ ಸಂಕಲನಗಳು ಪ್ರಕಟವಾದದ್ದು ಇವರು ಅಮೆರಿಕದಲ್ಲಿ ನೆಲೆಸಿದ ಅನಂತರವೇ. ಆದ್ದರಿಂದ ಅಮೆರಿಕದ ಭಾರತೀಯ ವಲಸಿಗರ ಸಾಂಸ್ಕೃತಿಕ ಬದುಕನ್ನು ಕುರಿತ ಚರ್ಚೆಯಲ್ಲಿ, ವಿಶೇಷವಾಗಿ ಹೊರನಾಡ ಕನ್ನಡಿಗರ ಸಾಹಿತ್ಯದ ಚರ್ಚೆಯಲ್ಲಿ, ಇವರ ಹೆಸರು ಮೊದಲ ಸಾಲಿನಲ್ಲಿ ಬರುತ್ತದೆ.

ಜನನ ಮತ್ತು ಬಾಲ್ಯ

ರಾಮಾನುಜನ್ ಅವರು ಮೈಸೂರಿನಲ್ಲಿ ನೆಲೆಸಿದ್ದ ತಮಿಳು ಶ್ರೀವೈಷ್ಣವ ಕುಟುಂಬದಲ್ಲಿ 1929ರ ಮಾರ್ಚ್ 16ರಂದು ಜನಿಸಿದರು. ತಂದೆ ಅತ್ತಿಪಟ್ ಆಸೂರಿ ಕೃಷ್ಣಸ್ವಾಮಿಯವರು ಮೈಸೂರು ವಿಶ್ವವಿದ್ಯಾಲಯದಲ್ಲಿ ಗಣಿತದ ಪ್ರಾಧ್ಯಾಪಕರು. ಖಗೋಳ ವಿಜ್ಞಾನವನ್ನೂ ಜ್ಯೋತಿಷವನ್ನೂ ಸಮಾನ ಆಸಕ್ತಿಯಿಂದ ಅಭ್ಯಾಸ ಮಾಡಿದ್ದವರು. ವಿಜ್ಞಾನ ಮತ್ತು ನಂಬಿಕೆ ಇವೆರಡೂ ಒಬ್ಬನೇ ವ್ಯಕ್ತಿಯಲ್ಲಿ ಜಗಳವಿಲ್ಲದೆ ಹೇಗೆ ಬಾಳುತ್ತವೆ ಎಂಬ ಪ್ರಶ್ನೆ ತರುಣ ರಾಮಾನುಜನ್ ಅವರನ್ನು ಕಾಡಿತು. ಮುಂದೆ ಅವರು ಬರೆದ ಪ್ರಸಿದ್ಧ ಪ್ರಬಂಧವೊಂದಕ್ಕೆ ತಂದೆಯ ಈ ವ್ಯಕ್ತಿತ್ವವೇ ಆರಂಭದ ನಿದರ್ಶನವಾಯಿತು.

ಅವರ ಮನೆಯಲ್ಲಿ ಭಾಷೆಗಳಿಗೆ ಒಂದೊಂದು ನೆಲೆಯಿತ್ತು. ಮಹಡಿಯ ಮೇಲೆ ತಂದೆಯ ಓದುವ ಕೋಣೆ. ಅಲ್ಲಿ ಇಂಗ್ಲಿಷ್ ಮತ್ತು ಸಂಸ್ಕೃತ. ಕೆಳಗೆ ಅಡುಗೆಮನೆಯಲ್ಲಿ ತಾಯಿ, ಅಜ್ಜಿಯರ ತಮಿಳು. ಹೊಸ್ತಿಲು ದಾಟಿ ಬೀದಿಗೆ ಇಳಿದರೆ ಕನ್ನಡ. ಈ ಮೂರು ನೆಲೆಗಳ ಚಿತ್ರವನ್ನು ರಾಮಾನುಜನ್ ತಮ್ಮ ಬರಹದಲ್ಲಿ ದಾಖಲಿಸಿದ್ದಾರೆ. ಕನ್ನಡವು ಅವರಿಗೆ ತಾಯ್ನುಡಿಯಾಗಿ ಬರಲಿಲ್ಲ. ಊರಿನ ನುಡಿಯಾಗಿ, ಗೆಳೆಯರ ಮತ್ತು ಶಾಲೆಯ ನುಡಿಯಾಗಿ ಬಂದಿತು. ಹೀಗೆ ಒಂದು ಭಾಷೆಯಿಂದ ಇನ್ನೊಂದಕ್ಕೆ ದಾಟುವ ಅಭ್ಯಾಸವು ಅಮೆರಿಕಕ್ಕೆ ಹೋಗುವುದಕ್ಕೆ ಬಹಳ ಮೊದಲೇ, ತಮ್ಮ ಮನೆಯ ಮೆಟ್ಟಿಲುಗಳ ಮೇಲೆಯೇ ಅವರಿಗೆ ಆಗಿತ್ತು.

ವಿದ್ಯಾಭ್ಯಾಸ ಮತ್ತು ಅಧ್ಯಾಪನ

ಮೈಸೂರಿನ ಮರಿಮಲ್ಲಪ್ಪ ಪ್ರೌಢಶಾಲೆಯಲ್ಲಿಯೂ ಮಹಾರಾಜಾ ಕಾಲೇಜಿನಲ್ಲಿಯೂ ಅವರ ವಿದ್ಯಾಭ್ಯಾಸ ನಡೆಯಿತು. ಕಾಲೇಜಿನ ಮೊದಲ ವರ್ಷ ವಿಜ್ಞಾನವನ್ನು ಆರಿಸಿಕೊಂಡಿದ್ದ ಅವರು ತಂದೆಯ ಸಲಹೆಯಂತೆ ಇಂಗ್ಲಿಷ್ ಸಾಹಿತ್ಯಕ್ಕೆ ಬದಲಾಯಿಸಿಕೊಂಡರು. 1949ರಲ್ಲಿ ಆನರ್ಸ್ ಪದವಿ ಪಡೆದು, ಮರುವರ್ಷ ಎಂ.ಎ. ಮುಗಿಸಿದರು.

1950ರ ದಶಕದಲ್ಲಿ ಕೇರಳದ ಕ್ವಿಲಾನ್ (ಇಂದಿನ ಕೊಲ್ಲಂ), ಬೆಳಗಾವಿಯ ಲಿಂಗರಾಜ ಕಾಲೇಜು ಹಾಗೂ ಬರೋಡದ ಮಹಾರಾಜ ಸಯ್ಯಾಜಿರಾವ್ ವಿಶ್ವವಿದ್ಯಾಲಯಗಳಲ್ಲಿ ಇಂಗ್ಲಿಷ್ ಅಧ್ಯಾಪಕರಾಗಿ ಕೆಲಸ ಮಾಡಿದರು. ಈ ಪೈಕಿ ಬೆಳಗಾವಿಯ ವರ್ಷಗಳು ಅವರ ಬರಹದ ದಿಕ್ಕನ್ನು ನಿರ್ಧರಿಸುವುದರಲ್ಲಿ ಮುಖ್ಯವಾದವು. ಹಳೆಯ ಮೈಸೂರಿನ ಕನ್ನಡದಲ್ಲಿ ಬೆಳೆದಿದ್ದ ಅವರಿಗೆ ಉತ್ತರ ಕರ್ನಾಟಕದ ಮಾತಿನ ಲಯವೂ ಜನಪದ ಕಥೆಗಳ ಸಂಪತ್ತೂ ಇಲ್ಲಿ ಹತ್ತಿರವಾದವು. ಕಥೆಗಳನ್ನು ಹೇಳುವವರ ಬಾಯಿಂದಲೇ ಕೇಳಿ ಬರೆದುಕೊಳ್ಳುವ ಕೆಲಸವನ್ನು ಅವರು ಈ ಕಾಲದಲ್ಲಿ ಕೈಗೊಂಡರು. 1955ರಲ್ಲಿ ಪ್ರಕಟವಾದ ಅವರ ಮೊದಲ ಪುಸ್ತಕ ಕನ್ನಡ ಗಾದೆಗಳನ್ನು ಕುರಿತದ್ದು.

ಮುಂದೆ ಭಾಷಾವಿಜ್ಞಾನದತ್ತ ಒಲವು ಬೆಳೆಯಿತು. ಪುಣೆಯ ಡೆಕ್ಕನ್ ಕಾಲೇಜಿನಲ್ಲಿ 1958–59ರಲ್ಲಿ ಆ ವಿಷಯವನ್ನು ಅಭ್ಯಾಸ ಮಾಡಿದರು. 1959ರಲ್ಲಿ ಫುಲ್‌ಬ್ರೈಟ್ ವಿದ್ಯಾರ್ಥಿವೇತನ ದೊರೆತು, ಹಡಗಿನಲ್ಲಿ ಅಮೆರಿಕಕ್ಕೆ ಪ್ರಯಾಣ ಬೆಳೆಸಿದರು. ಆ ಪ್ರಯಾಣದ ದಿನಚರಿ ಅವರ ಮರಣಾನಂತರ 2019ರಲ್ಲಿ ಬೆಳಕಿಗೆ ಬಂದ 'ಜರ್ನೀಸ್' ಎಂಬ ಸಂಪುಟದಲ್ಲಿ ಅಚ್ಚಾಗಿದೆ. ಇಂಡಿಯಾನಾ ವಿಶ್ವವಿದ್ಯಾಲಯದಲ್ಲಿ ಕನ್ನಡ ವ್ಯಾಕರಣವನ್ನು ಕುರಿತು ಸಂಶೋಧನೆ ನಡೆಸಿ 1963ರಲ್ಲಿ ಪಿಎಚ್.ಡಿ. ಪದವಿ ಪಡೆದರು. ಸಾಗರ ದಾಟಿ ಹೋದವರು ಅಲ್ಲಿ ಅಧ್ಯಯನಕ್ಕೆ ಆರಿಸಿಕೊಂಡದ್ದು ತಮ್ಮ ಊರಿನ ಬೀದಿಯ ಭಾಷೆಯನ್ನೇ.

ಅಮೆರಿಕದಲ್ಲಿ ಭಾರತೀಯ ವಲಸೆಯ ಹಿನ್ನೆಲೆ

ರಾಮಾನುಜನ್ ಅಮೆರಿಕ ತಲುಪಿದ ಕಾಲಕ್ಕೆ ಅಲ್ಲಿ ಭಾರತೀಯರ ಸಂಖ್ಯೆ ತೀರ ಕಡಿಮೆ ಇತ್ತು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಮುಖ್ಯವಾಗಿ ಪಂಜಾಬಿನ ರೈತಾಪಿ ಜನ ಪಶ್ಚಿಮ ಕರಾವಳಿಯ ಮರದ ಕಾರ್ಖಾನೆಗಳಲ್ಲಿಯೂ ಕ್ಯಾಲಿಫೋರ್ನಿಯದ ಹೊಲಗಳಲ್ಲಿಯೂ ದುಡಿಯಲು ಹೋಗಿದ್ದರು. 1917ರ ವಲಸೆ ಕಾಯಿದೆಯು ಏಷ್ಯದ ಬಹುಭಾಗವನ್ನು ನಿಷೇಧಿತ ವಲಯವೆಂದು ಸಾರಿ ಈ ಬಾಗಿಲನ್ನು ಮುಚ್ಚಿತು. 1923ರಲ್ಲಿ ಭಗತ್ ಸಿಂಗ್ ಥಿಂಡ್ ಎಂಬವರ ಮೊಕದ್ದಮೆಯಲ್ಲಿ ಅಲ್ಲಿನ ಸರ್ವೋಚ್ಚ ನ್ಯಾಯಾಲಯವು ಭಾರತೀಯರು ಪೌರತ್ವಕ್ಕೆ ಅರ್ಹರಲ್ಲವೆಂದು ತೀರ್ಪು ನೀಡಿತು. 1946ರ ಲೂಸ್–ಸೆಲ್ಲರ್ ಕಾಯಿದೆಯು ಪೌರತ್ವದ ಹಕ್ಕನ್ನು ನೀಡಿತಾದರೂ ಭಾರತದಿಂದ ವರ್ಷಕ್ಕೆ 100 ಜನರ ವಲಸೆಗೆ ಮಾತ್ರ ಅವಕಾಶ ಕಲ್ಪಿಸಿತು.

ಈ ಸ್ಥಿತಿ ಬದಲಾದದ್ದು 1965ರ ಹಾರ್ಟ್–ಸೆಲ್ಲರ್ ಕಾಯಿದೆಯಿಂದ. ಹುಟ್ಟಿದ ದೇಶವನ್ನು ಆಧರಿಸಿದ ಹಳೆಯ ಮಿತಿಗಳು ರದ್ದಾಗಿ, 1968ರಿಂದ ಹೊಸ ವ್ಯವಸ್ಥೆ ಪೂರ್ಣವಾಗಿ ಜಾರಿಗೆ ಬಂದಿತು. ವೈದ್ಯರು, ಎಂಜಿನಿಯರುಗಳು, ವಿಜ್ಞಾನಿಗಳು, ಅಧ್ಯಾಪಕರು ಹೆಚ್ಚಿನ ಸಂಖ್ಯೆಯಲ್ಲಿ ಅಮೆರಿಕದಲ್ಲಿ ನೆಲೆಸತೊಡಗಿದರು. ಕನ್ನಡಿಗ ಕುಟುಂಬಗಳು ಹೆಚ್ಚಿದಂತೆ ನಗರ ನಗರಗಳಲ್ಲಿ ಕನ್ನಡ ಕೂಟಗಳು ಹುಟ್ಟಿಕೊಂಡವು. ಷಿಕಾಗೊ ಪ್ರದೇಶದ ವಿದ್ಯಾರಣ್ಯ ಕನ್ನಡ ಕೂಟವು ಇವುಗಳಲ್ಲಿ ಒಂದು. ಯುಗಾದಿ, ದೀಪಾವಳಿ, ರಾಜ್ಯೋತ್ಸವಗಳ ಆಚರಣೆ, ನಾಟಕ, ಸಂಗೀತ, ಮಕ್ಕಳಿಗೆ ಕನ್ನಡ ಕಲಿಸುವುದು ಇಂಥ ಕೂಟಗಳ ಸಾಮಾನ್ಯ ಚಟುವಟಿಕೆಗಳಾದವು.

ರಾಮಾನುಜನ್ ಈ ದೊಡ್ಡ ಅಲೆಗೆ ಮೊದಲೇ ಹೋದವರು. ತಾಯ್ನಾಡಿನ ಸಂಸ್ಕೃತಿಯನ್ನು ಹೊರನಾಡಿನಲ್ಲಿ ಉಳಿಸಿಕೊಳ್ಳುವುದು ಹೇಗೆ ಎಂಬ ಪ್ರಶ್ನೆ ಸಮುದಾಯದ ಪ್ರಶ್ನೆಯಾಗುವ ಮೊದಲು ಅವರಿಗೆ ಒಬ್ಬ ಬರಹಗಾರನ ಪ್ರಶ್ನೆಯಾಗಿ ಎದುರಾಗಿತ್ತು.

ಷಿಕಾಗೊ ವಿಶ್ವವಿದ್ಯಾಲಯದಲ್ಲಿ

1962ರಲ್ಲಿ ರಾಮಾನುಜನ್ ಷಿಕಾಗೊ ವಿಶ್ವವಿದ್ಯಾಲಯವನ್ನು ಸಹಾಯಕ ಪ್ರಾಧ್ಯಾಪಕರಾಗಿ ಸೇರಿದರು. ಅದೇ ವರ್ಷ ಕೇರಳ ಮೂಲದ ಲೇಖಕಿ ಮಾಲಿ ಡೇನಿಯಲ್ಸ್ ಅವರನ್ನು ವಿವಾಹವಾದರು. ದಂಪತಿಗೆ ಇಬ್ಬರು ಮಕ್ಕಳು. ಎರಡನೆಯ ಮಹಾಯುದ್ಧದ ಅನಂತರ ಅಮೆರಿಕದ ವಿಶ್ವವಿದ್ಯಾಲಯಗಳಲ್ಲಿ ದಕ್ಷಿಣ ಏಷ್ಯದ ಭಾಷೆ ಮತ್ತು ಸಮಾಜಗಳ ಅಧ್ಯಯನಕ್ಕೆ ಹೊಸ ವಿಭಾಗಗಳು ರೂಪುಗೊಳ್ಳುತ್ತಿದ್ದ ಕಾಲವದು. ಎಡ್ವರ್ಡ್ ಡಿಮಾಕ್, ಮಿಲ್ಟನ್ ಸಿಂಗರ್ ಮುಂತಾದ ವಿದ್ವಾಂಸರೊಡನೆ ಸೇರಿ ಷಿಕಾಗೊದ ದಕ್ಷಿಣ ಏಷ್ಯ ಅಧ್ಯಯನಕ್ಕೆ ರೂಪ ಕೊಡುವಲ್ಲಿ ಅವರು ಪ್ರಮುಖ ಪಾತ್ರ ವಹಿಸಿದರು. ದಕ್ಷಿಣ ಏಷ್ಯದ ಭಾಷೆಗಳು ಮತ್ತು ನಾಗರಿಕತೆಗಳ ವಿಭಾಗ, ಭಾಷಾವಿಜ್ಞಾನ ವಿಭಾಗ ಹಾಗೂ ಸಾಮಾಜಿಕ ಚಿಂತನೆಯ ಸಮಿತಿ ಈ ಮೂರರಲ್ಲೂ ಬೋಧಿಸಿದರು. ಹಾರ್ವರ್ಡ್, ವಿಸ್ಕಾನ್ಸಿನ್, ಮಿಷಿಗನ್, ಬರ್ಕ್ಲಿಯ ಕ್ಯಾಲಿಫೋರ್ನಿಯ ವಿಶ್ವವಿದ್ಯಾಲಯ ಮೊದಲಾದೆಡೆ ಸಂದರ್ಶಕ ಪ್ರಾಧ್ಯಾಪಕರಾಗಿದ್ದರು.

ಅವರು ಷಿಕಾಗೊ ಸೇರಿದ ವರ್ಷವೇ ನಡೆದ ಒಂದು ಸಂಗತಿ ಅವರ ಮುಂದಿನ ಕೆಲಸವನ್ನು ರೂಪಿಸಿತು. ಹಳೆಯ ತಮಿಳಿನ ವ್ಯಾಕರಣ ಪುಸ್ತಕವೊಂದನ್ನು ಹುಡುಕಿಕೊಂಡು ವಿಶ್ವವಿದ್ಯಾಲಯದ ಹಾರ್ಪರ್ ಗ್ರಂಥಾಲಯದ ನೆಲಮಾಳಿಗೆಗೆ ಇಳಿದಾಗ, ಇನ್ನೂ ಪಟ್ಟಿಗೆ ಸೇರದ ಪುಸ್ತಕಗಳ ರಾಶಿಯಲ್ಲಿ ಉ. ವೇ. ಸ್ವಾಮಿನಾಥ ಅಯ್ಯರ್ ಅವರು ಸಂಪಾದಿಸಿದ ಪ್ರಾಚೀನ ತಮಿಳು ಕಾವ್ಯ ಸಂಕಲನ ಕೈಗೆ ಸಿಕ್ಕಿತು. ಸುಮಾರು ಎರಡು ಸಾವಿರ ವರ್ಷಗಳಷ್ಟು ಹಳೆಯದಾದ ತಮ್ಮ ಮಾತೃಭಾಷೆಯ ಆ ಕಾವ್ಯವನ್ನು ಅವರು ಮನಸ್ಸಿಟ್ಟು ಓದತೊಡಗಿದ್ದು ಹೀಗೆ, ಪರದೇಶದ ನೆಲಮಾಳಿಗೆಯೊಂದರಲ್ಲಿ. ಐದು ವರ್ಷಗಳ ಬಳಿಕ, 1967ರಲ್ಲಿ, ಆ ಓದಿನ ಫಲವಾಗಿ 'ದಿ ಇಂಟೀರಿಯರ್ ಲ್ಯಾಂಡ್‌ಸ್ಕೇಪ್' ಪ್ರಕಟವಾಯಿತು. ವಲಸೆಯಿಂದ ತನ್ನತನ ಕರಗಿಹೋಗುತ್ತದೆ ಎಂಬ ಸಾಮಾನ್ಯ ಭಾವನೆಗೆ ಈ ಸಂಗತಿ ಒಂದು ವಿರುದ್ಧ ಉದಾಹರಣೆಯಾಗಿದೆ.

ಕನ್ನಡ ಸಾಹಿತ್ಯ

ರಾಮಾನುಜನ್ ಅವರ ಮೊದಲ ಕನ್ನಡ ಕವನ ಸಂಕಲನ 'ಹೊಕ್ಕುಳಲ್ಲಿ ಹೂವಿಲ್ಲ' 1969ರಲ್ಲಿ ಧಾರವಾಡದ ಮನೋಹರ ಗ್ರಂಥಮಾಲೆಯಿಂದ ಪ್ರಕಟವಾಯಿತು. 'ಮತ್ತು ಇತರ ಪದ್ಯಗಳು' (1977) ಹಾಗೂ 'ಕುಂಟೋಬಿಲ್ಲೆ' (1990) ಅವರ ಉಳಿದ ಎರಡು ಸಂಕಲನಗಳು. ಗೋಪಾಲಕೃಷ್ಣ ಅಡಿಗ, ಯು. ಆರ್. ಅನಂತಮೂರ್ತಿ, ಪಿ. ಲಂಕೇಶ್ ಮೊದಲಾದವರ ನವ್ಯ ಸಾಹಿತ್ಯದ ಕಾಲದಲ್ಲಿ ಬರೆದರೂ ಅವರ ದನಿ ಭಿನ್ನವಾದುದು. ಅಡಿಗರ ಕಾವ್ಯದ ಆವೇಶ, ಗಂಭೀರ ಘೋಷ ಇಲ್ಲಿಲ್ಲ. ಮಾತು ಮೆಲುದನಿಯದು, ಸಾಲುಗಳು ಚಿಕ್ಕವು, ಹಾಸ್ಯ ತೆಳುವಾದುದು. ಹುಳುಹುಪ್ಪಟೆ, ಕನ್ನಡಿ, ಮನೆಯ ಸಾಮಾನು, ಬಂಧುಗಳ ಮುಖಚಹರೆ ಮುಂತಾದ ಸಣ್ಣ ಸಂಗತಿಗಳಿಂದ ಕವಿತೆ ಆರಂಭವಾಗಿ ಓದುಗನಿಗೆ ಅರಿವಾಗುವ ಮೊದಲೇ ಸಾವು, ಭಯ, ಕಾಲಗಳ ಕಡೆಗೆ ತಿರುಗಿರುತ್ತದೆ.

ಅವರ ಶೀರ್ಷಿಕೆಗಳೂ ಗಮನಾರ್ಹವಾದವು. ವಿಷ್ಣುವಿನ ನಾಭಿಯಲ್ಲಿ ಕಮಲ ಅರಳಿತೆಂಬ ಪುರಾಣ ಪ್ರತಿಮೆಯನ್ನು ಮೊದಲ ಸಂಕಲನದ ಹೆಸರು ನಿರಾಕರಿಸುತ್ತದೆ. ಶ್ರೀವೈಷ್ಣವ ಪರಂಪರೆಯಲ್ಲಿ ಹುಟ್ಟಿದ ಕವಿ ಆ ಪರಂಪರೆಯನ್ನು ಬಿಟ್ಟುಕೊಡದೆ, ಅದರ ಮಹಿಮೆಯನ್ನೂ ಹೊದ್ದುಕೊಳ್ಳದೆ, ಸಾಮಾನ್ಯ ಮನುಷ್ಯನ ಹೂವಿಲ್ಲದ ಹೊಕ್ಕುಳನ್ನು ನೋಡಿಕೊಳ್ಳುವ ರೀತಿ ಇದು. ಕೊನೆಯ ಸಂಕಲನದ ಹೆಸರು ಮಕ್ಕಳು ನೆಲದ ಮೇಲೆ ಚೌಕಗಳನ್ನು ಎಳೆದು ಒಂಟಿಕಾಲಿನಲ್ಲಿ ಕುಪ್ಪಳಿಸುವ ಆಟದ್ದು.

'ಮತ್ತೊಬ್ಬನ ಆತ್ಮಚರಿತ್ರೆ' (1978) ಅವರ ಕಿರುಕಾದಂಬರಿ. ಆತ್ಮಚರಿತ್ರೆ ಎಂಬುದು ತನ್ನದೇ ಆಗಿರಬೇಕು. ಅದು ಮತ್ತೊಬ್ಬನದಾಗುವುದು ಹೇಗೆ ಎಂಬ ತೊಡಕನ್ನು ಹೆಸರೇ ಮುಂದಿಡುತ್ತದೆ. ಇದಕ್ಕೂ ಮೊದಲು, 1966ರಲ್ಲಿ, ಪತ್ನಿಯ ಇಂಗ್ಲಿಷ್ ಕಿರುಕಾದಂಬರಿಯನ್ನು 'ಹಳದಿ ಮೀನು' ಎಂಬ ಹೆಸರಿನಲ್ಲಿ ಕನ್ನಡಕ್ಕೆ ತಂದಿದ್ದರು.

ಅಣ್ಣಯ್ಯನ ಮಾನವಶಾಸ್ತ್ರ

ಅಮೆರಿಕದ ವಲಸಿಗನ ಸ್ಥಿತಿಯನ್ನು ನೇರವಾಗಿ ವಸ್ತುವಾಗಿ ಉಳ್ಳ ರಾಮಾನುಜನ್ ಅವರ ಬರಹಗಳಲ್ಲಿ 'ಅಣ್ಣಯ್ಯನ ಮಾನವಶಾಸ್ತ್ರ' ಎಂಬ ಕನ್ನಡ ಸಣ್ಣಕಥೆ ಪ್ರಮುಖವಾದುದು. ಇದರ ನಾಯಕ ಅಣ್ಣಯ್ಯ ಮೈಸೂರಿನಿಂದ ಷಿಕಾಗೊಗೆ ಓದಲು ಹೋದ ತರುಣ. ಊರಿನಲ್ಲಿ ಇದ್ದಾಗ ಮನೆಯ ಆಚಾರ ವಿಚಾರಗಳ ಬಗ್ಗೆ ಅವನಿಗೆ ಆಸಕ್ತಿ ಇರಲಿಲ್ಲ. ದೂರ ಹೋದ ಮೇಲೆ ಆ ಕುತೂಹಲ ಹುಟ್ಟುತ್ತದೆ. ತನ್ನ ಜನರ ಶ್ರಾದ್ಧ, ಮಡಿ, ಸಂಸ್ಕಾರಗಳನ್ನು ಕುರಿತು ಅಮೆರಿಕದ ಮಾನವಶಾಸ್ತ್ರಜ್ಞರು ಬರೆದ ಪುಸ್ತಕಗಳನ್ನು ಗ್ರಂಥಾಲಯದಲ್ಲಿ ಹುಡುಕಿ ಹುಡುಕಿ ಓದುತ್ತಾನೆ. ಹಾಗೆ ಓದುತ್ತಿರುವಾಗ ಹೊಸ ಪುಸ್ತಕವೊಂದರ ಛಾಯಾಚಿತ್ರಗಳಲ್ಲಿ ಅವನಿಗೆ ಕಾಣುವುದು ತನ್ನದೇ ಮನೆ, ತನ್ನದೇ ತಂದೆಯ ಅಂತ್ಯಕ್ರಿಯೆ, ವಿಧವೆಯಾದ ತನ್ನ ತಾಯಿ. ದೂರದಲ್ಲಿ ಇರುವವನು ನೊಂದುಕೊಳ್ಳದಿರಲಿ ಎಂದು ಮನೆಯವರು ಮುಚ್ಚಿಟ್ಟಿದ್ದ ಸಾವಿನ ಸುದ್ದಿಯನ್ನು ಅವನು ತಿಳಿಯುವುದು ಪರಕೀಯನೊಬ್ಬನ ಅಧ್ಯಯನ ಗ್ರಂಥದಿಂದ.

ತನ್ನ ಸಂಸ್ಕೃತಿಯ ಬಗೆಗಿನ ಜ್ಞಾನ ಬೇರೆ, ಆ ಸಂಸ್ಕೃತಿಯೊಳಗೆ ಇರುವುದು ಬೇರೆ ಎಂಬ ಕಠೋರ ಸತ್ಯವನ್ನು ಕಥೆ ಹೇಳುತ್ತದೆ. ಭಾರತೀಯ ಸಂಸ್ಕೃತಿಯನ್ನು ಅಮೆರಿಕದ ತರಗತಿಗಳಲ್ಲಿ ಬೋಧಿಸುವುದೇ ವೃತ್ತಿಯಾಗಿದ್ದ ಲೇಖಕರು ಈ ಕಥೆಯ ವ್ಯಂಗ್ಯದಿಂದ ತಮ್ಮನ್ನು ಹೊರತುಪಡಿಸಿಕೊಂಡಿಲ್ಲ. ಈ ಕಥೆ ಇಂಗ್ಲಿಷಿಗೆ ಅನುವಾದಗೊಂಡು ಕರ್ನಾಟಕದ ಹೊರಗೂ ಓದಲ್ಪಡುತ್ತಿದೆ.

ಇಂಗ್ಲಿಷ್ ಕಾವ್ಯ

'ದಿ ಸ್ಟ್ರೈಡರ್ಸ್' (1966), 'ರಿಲೇಷನ್ಸ್' (1971) ಮತ್ತು 'ಸೆಕೆಂಡ್ ಸೈಟ್' (1986) ಅವರ ಜೀವಿತಾವಧಿಯಲ್ಲಿ ಬಂದ ಪ್ರಮುಖ ಇಂಗ್ಲಿಷ್ ಸಂಕಲನಗಳು. ಬಂಧುತ್ವವೇ ಈ ಕವಿತೆಗಳ ಮುಖ್ಯ ವಸ್ತು. ದೊಡ್ಡ ಅವಿಭಕ್ತ ಕುಟುಂಬದ ಮನೆಯೊಂದನ್ನು ಕುರಿತ ಪ್ರಸಿದ್ಧ ಕವಿತೆಯಲ್ಲಿ, ಒಳಗೆ ಬಂದ ಯಾವುದೂ ಹೊರಗೆ ಹೋಗುವುದಿಲ್ಲ, ಹೊರಗೆ ಹೋದದ್ದೆಲ್ಲ ಬೇರೆ ರೂಪದಲ್ಲಿ ಹಿಂದಿರುಗುತ್ತದೆ ಎಂಬ ಚಿತ್ರಣವಿದೆ. 'ಸೆಕೆಂಡ್ ಸೈಟ್' ಸಂಕಲನದ 'ಷಿಕಾಗೊ ಝೆನ್' ಕವಿತೆಯಲ್ಲಿ ಅಮೆರಿಕದ ನಗರದ ಬೀದಿಯೂ ದಕ್ಷಿಣ ಭಾರತದ ನೆನಪೂ ಒಂದರ ಮೇಲೊಂದು ಮೂಡುತ್ತವೆ. ಊರಿನ ನೆನಪನ್ನು ಅವರು ಎಲ್ಲಿಯೂ ಸಿಹಿಯಾಗಿ ಮಾತ್ರ ಚಿತ್ರಿಸಿಲ್ಲ. ಕುಟುಂಬದ ಕ್ರೌರ್ಯ, ಮೌನ, ರೋಗ, ಸಾಲ ಇವೂ ಅದೇ ನೆನಪಿನ ಭಾಗಗಳಾಗಿ ಬರುತ್ತವೆ. ಅಗಲಿಕೆಯ ಹಂಬಲವೇ ವಲಸಿಗರ ಸಾಹಿತ್ಯದ ಏಕೈಕ ಭಾವವೆಂದು ತಿಳಿದವರಿಗೆ ಈ ಕವಿತೆಗಳು ಅನಿರೀಕ್ಷಿತವೆನಿಸುತ್ತವೆ.

ಅನುವಾದಗಳು

1973ರಲ್ಲಿ ಪೆಂಗ್ವಿನ್ ಪ್ರಕಾಶನದಿಂದ ಬಂದ 'ಸ್ಪೀಕಿಂಗ್ ಆಫ್ ಶಿವ' ರಾಮಾನುಜನ್ ಅವರ ಅತ್ಯಂತ ಪ್ರಸಿದ್ಧ ಅನುವಾದ. ಬಸವಣ್ಣ, ದೇವರ ದಾಸಿಮಯ್ಯ, ಅಕ್ಕಮಹಾದೇವಿ ಮತ್ತು ಅಲ್ಲಮಪ್ರಭು ಈ ನಾಲ್ವರ ಆಯ್ದ ವಚನಗಳು ಇದರಲ್ಲಿವೆ. ಇದರ ದೀರ್ಘ ಪ್ರಸ್ತಾವನೆಯಲ್ಲಿ ಅವರು ಬಸವಣ್ಣನವರ ಸ್ಥಾವರ ಮತ್ತು ಜಂಗಮ ಎಂಬ ಪರಿಕಲ್ಪನೆಗಳನ್ನು ವಿವರಿಸಿದ್ದಾರೆ. ನಿಂತದ್ದು ಅಳಿಯುತ್ತದೆ, ಚಲಿಸುವುದು ಉಳಿಯುತ್ತದೆ ಎಂಬ ಆ ತತ್ತ್ವವು ದೇಶ ಬಿಟ್ಟು ದೇಶಕ್ಕೆ ಹೋದ ಅನುವಾದಕನ ಬದುಕಿಗೂ ಹೊಂದುವಂಥದು. ಕನ್ನಡ ಲಿಪಿಯನ್ನು ಓದಲಾರದ ವಲಸಿಗರ ಮಕ್ಕಳಿಗೂ ಈ ಪುಸ್ತಕದ ಮೂಲಕ ವಚನಗಳು ದೊರೆಯುವಂತಾದವು.

ಅನಂತಮೂರ್ತಿಯವರ 'ಸಂಸ್ಕಾರ' ಕಾದಂಬರಿಯ ಅನುವಾದ 1976ರಲ್ಲಿ ಪ್ರಕಟವಾಗಿ, ಕನ್ನಡದ ಕಾದಂಬರಿಯೊಂದು ಜಗತ್ತಿನ ಅನೇಕ ವಿಶ್ವವಿದ್ಯಾಲಯಗಳ ಪಠ್ಯವಾಗಲು ಕಾರಣವಾಯಿತು. ಅಡಿಗರ ಕವಿತೆಗಳನ್ನು ರಾಜೀವ ತಾರಾನಾಥ ಮತ್ತು ಮೈಕೆಲ್ ಗಾರ್ಮನ್ ಅವರೊಡನೆ ಸೇರಿ ಇಂಗ್ಲಿಷಿಗೆ ತಂದರು. ನಮ್ಮಾಳ್ವಾರರ ಪಾಶುರಗಳ ಅನುವಾದ 'ಹಿಮ್ಸ್ ಫಾರ್ ದ ಡ್ರೌನಿಂಗ್' 1981ರಲ್ಲಿ, ಸಂಗಂ ಕಾವ್ಯದ ವಿಸ್ತೃತ ಸಂಕಲನ 'ಪೊಯೆಮ್ಸ್ ಆಫ್ ಲವ್ ಅಂಡ್ ವಾರ್' 1985ರಲ್ಲಿ ಬಂದವು.

ಈ ಅನುವಾದಗಳಿಗೆ ವಿಮರ್ಶೆಯೂ ಎದುರಾಗಿದೆ. ತೇಜಸ್ವಿನಿ ನಿರಂಜನ ಅವರು 1992ರ ತಮ್ಮ ಗ್ರಂಥದಲ್ಲಿ, ವಚನಗಳನ್ನು ಆಧುನಿಕ ಪಾಶ್ಚಾತ್ಯ ಕಾವ್ಯದ ಅಭಿರುಚಿಗೆ ಮತ್ತು ಕ್ರೈಸ್ತ ಧಾರ್ಮಿಕ ಚಿಂತನೆಯ ಚೌಕಟ್ಟಿಗೆ ಒಗ್ಗಿಸಲಾಗಿದೆ ಎಂದು ಆಕ್ಷೇಪಿಸಿದರು. ವಿನಯ್ ಧಾರವಾಡ್ಕರ್ ಅವರು ಮುಂದೆ ಇದಕ್ಕೆ ಉತ್ತರವಾಗಿ ರಾಮಾನುಜನ್ ಅವರ ಅನುವಾದ ಕ್ರಮವನ್ನು ಸಮರ್ಥಿಸಿದರು. ಒಂದು ಸಮುದಾಯದ ಪವಿತ್ರ ಸಾಹಿತ್ಯವನ್ನು ಅನ್ಯ ಸಮಾಜದ ಮುಂದೆ ಇಡುವವನು ಯಾರಿಗೆ ಉತ್ತರದಾಯಿ ಎಂಬ ಪ್ರಶ್ನೆ ಈ ಚರ್ಚೆಯ ಮೂಲದಲ್ಲಿದೆ.

ಜಾನಪದ

ಬೆಳಗಾವಿಯ ದಿನಗಳಲ್ಲಿ ಕೈಗೊಂಡ ಕಥಾಸಂಗ್ರಹವನ್ನು ರಾಮಾನುಜನ್ ಕೊನೆಯವರೆಗೂ ಮುಂದುವರಿಸಿದರು. ಭಾರತಕ್ಕೆ ಬಂದಾಗಲೆಲ್ಲ ಕಥೆ ಕೇಳುತ್ತಿದ್ದರು. ಮನೆಯೊಳಗಿನ ಹೆಂಗಸರು, ಅಜ್ಜಿಯರು ಹೇಳುವ ಕಥೆಗಳಿಗೆ ವಿಶೇಷ ಬೆಲೆ ಕೊಟ್ಟರು. ಶಾಸ್ತ್ರ ಗ್ರಂಥಗಳಲ್ಲಿ ಕಾಣದ ಲೋಕದೃಷ್ಟಿಯೊಂದು ಇವುಗಳಲ್ಲಿ ಇದೆಯೆಂಬುದು ಅವರ ನಿಲುವಾಗಿತ್ತು. 1991ರಲ್ಲಿ 22 ಭಾಷೆಗಳಿಂದ ಆಯ್ದ ಕಥೆಗಳ 'ಫೋಕ್‌ಟೇಲ್ಸ್ ಫ್ರಮ್ ಇಂಡಿಯಾ' ಪ್ರಕಟವಾಯಿತು. ಕನ್ನಡದ 77 ಕಥೆಗಳ 'ಎ ಫ್ಲವರಿಂಗ್ ಟ್ರೀ' ಅವರ ನಿಧನದ ಬಳಿಕ 1997ರಲ್ಲಿ ಬಂದಿತು.

ಈ ಕಥೆಗಳು ಮುಂದೆ ಬೇರೆ ಬೇರೆ ರೂಪಗಳನ್ನು ತಾಳಿದವು. ಗಿರೀಶ ಕಾರ್ನಾಡರ 'ನಾಗಮಂಡಲ' ನಾಟಕವು ರಾಮಾನುಜನ್ ಅವರಿಂದ ಕೇಳಿದ ಜನಪದ ಕಥೆಗಳನ್ನು ಆಧರಿಸಿದ್ದು. ಹೂವಿನ ಮರವಾಗಬಲ್ಲ ಹುಡುಗಿಯ ಕಥೆಯನ್ನು ಅಮೆರಿಕದ ಸಂಗೀತ ರಚನಕಾರ ಜಾನ್ ಆಡಮ್ಸ್ ಅವರು ಆಪೆರಾ ಆಗಿ ರೂಪಿಸಿದರು; ಅದು 2006ರಲ್ಲಿ ವಿಯೆನ್ನಾ ನಗರದಲ್ಲಿ ಮೊದಲು ಪ್ರದರ್ಶನಗೊಂಡಿತು. ಕರ್ನಾಟಕದ ಹೆಂಗಸರು ಹೇಳುತ್ತಿದ್ದ ಕಥೆ ಷಿಕಾಗೊದ ಮಾರ್ಗವಾಗಿ ಯುರೋಪಿನ ರಂಗಭೂಮಿಗೆ ತಲುಪಿತು.

ಪ್ರಬಂಧಗಳು

ಭಾರತೀಯ ಚಿಂತನಕ್ರಮ ಎಂಬುದೊಂದು ಇದೆಯೇ ಎಂದು ಕೇಳುವ ಅವರ ಪ್ರಬಂಧ 1989ರಲ್ಲಿ ಪ್ರಕಟವಾಯಿತು. ಸಂದರ್ಭವನ್ನು ಅವಲಂಬಿಸಿ ನಿಯಮಗಳನ್ನು ರೂಪಿಸುವ ಕ್ರಮ ಭಾರತೀಯ ಪರಂಪರೆಗಳಲ್ಲಿ ಪ್ರಬಲವೆಂದೂ, ಸಂದರ್ಭಾತೀತವಾದ ಸಾರ್ವತ್ರಿಕ ನಿಯಮಗಳ ಆದರ್ಶ ಆಧುನಿಕ ಪಾಶ್ಚಾತ್ಯ ಚಿಂತನೆಯಲ್ಲಿ ಪ್ರಬಲವೆಂದೂ ಅದರಲ್ಲಿ ಪ್ರತಿಪಾದಿಸಿದ್ದಾರೆ. ಮನೆಯಲ್ಲಿ ಒಂದು ರೀತಿ, ಕಚೇರಿಯಲ್ಲಿ ಒಂದು ರೀತಿ ನಡೆದುಕೊಳ್ಳುವ ವಲಸಿಗರ ಬದುಕನ್ನು ವಿವರಿಸಲೂ ಈ ಚೌಕಟ್ಟು ಬಳಕೆಗೆ ಬಂದಿದೆ.

ರಾಮಾಯಣದ ಬಹುರೂಪಗಳನ್ನು ಕುರಿತ ಅವರ ಇಂಗ್ಲಿಷ್ ಪ್ರಬಂಧ 'ತ್ರೀ ಹಂಡ್ರೆಡ್ ರಾಮಾಯಣಾಸ್' 1991ರಲ್ಲಿ ಪೌಲಾ ರಿಚ್‌ಮನ್ ಸಂಪಾದಿಸಿದ ಗ್ರಂಥದಲ್ಲಿ ಸೇರಿತು. ವಾಲ್ಮೀಕಿ, ಕಂಬ, ಜೈನ ಪರಂಪರೆ, ಥಾಯ್ ಪರಂಪರೆ ಮತ್ತು ಕನ್ನಡದ ಜನಪದ ನಿರೂಪಣೆಗಳನ್ನು ಅದು ಪಕ್ಕಪಕ್ಕದಲ್ಲಿಟ್ಟು ನೋಡುತ್ತದೆ. ದೆಹಲಿ ವಿಶ್ವವಿದ್ಯಾಲಯದ ಇತಿಹಾಸ ಪದವಿ ಪಠ್ಯದಲ್ಲಿದ್ದ ಈ ಪ್ರಬಂಧದ ವಿರುದ್ಧ 2008ರಲ್ಲಿ ಪ್ರತಿಭಟನೆ ನಡೆಯಿತು. 2011ರಲ್ಲಿ ವಿಶ್ವವಿದ್ಯಾಲಯದ ವಿದ್ಯಾ ಪರಿಷತ್ತು ಅದನ್ನು ಪಠ್ಯದಿಂದ ಕೈಬಿಟ್ಟಿತು. ಈ ನಿರ್ಧಾರವನ್ನು ವಿರೋಧಿಸಿ ದೇಶ ವಿದೇಶಗಳ ವಿದ್ವಾಂಸರು ದನಿಯೆತ್ತಿದರು.

ವಲಸಿಗನ ಅಸ್ಮಿತೆ

ಇಂಡೋ-ಅಮೆರಿಕನ್ ಎಂಬ ಪದದ ನಡುವೆ ಇರುವ ಅಡ್ಡಗೆರೆಯೇ ತಾನು ಎಂಬ ಅರ್ಥದ ಮಾತನ್ನು ರಾಮಾನುಜನ್ ಹೇಳುತ್ತಿದ್ದುದು ಪ್ರಸಿದ್ಧವಾಗಿದೆ. ಎರಡು ದಡಗಳಲ್ಲಿ ಯಾವುದಕ್ಕೆ ಸೇರಿದವನು ಎಂಬ ಪ್ರಶ್ನೆಗೆ ಸೇತುವೆಯನ್ನು ತೋರಿಸಿದ ಉತ್ತರವಿದು. ಇಂಗ್ಲಿಷ್ ಭಾಷೆ, ಭಾಷಾವಿಜ್ಞಾನ, ಮಾನವಶಾಸ್ತ್ರಗಳು ತಮಗೆ ಹೊರಗಿನ ರೂಪಗಳನ್ನು ಕೊಟ್ಟವೆಂದೂ, ಭಾರತದಲ್ಲಿ ಕಳೆದ ಮೊದಲ ಮೂವತ್ತು ವರ್ಷಗಳು ಹಾಗೂ ಕನ್ನಡ, ತಮಿಳು, ಜಾನಪದಗಳ ಒಡನಾಟ ಒಳಗಿನ ತಿರುಳನ್ನು ಕೊಟ್ಟವೆಂದೂ, ಯಾವುದು ಎಲ್ಲಿಂದ ಬಂದಿತೆಂದು ಬಿಡಿಸಿ ಹೇಳುವುದು ತಮಗೇ ಸಾಧ್ಯವಿಲ್ಲವೆಂದೂ ಅವರು ವಿವರಿಸಿದ್ದರು.

ವಲಸಿಗ ಸಮುದಾಯಗಳು ಸಾಮಾನ್ಯವಾಗಿ ತಾವು ಊರು ಬಿಟ್ಟ ದಿನದ ಸಂಸ್ಕೃತಿಯನ್ನು ಹಾಗೆಯೇ ಕಾಪಿಡಲು ಯತ್ನಿಸುತ್ತವೆ. ಹಬ್ಬ, ಊಟ, ಉಡುಗೆ, ಹಾಡುಗಳ ಮೂಲಕ ನಡೆಯುವ ಆ ಕಾರ್ಯಕ್ಕೆ ಅದರದೇ ಮಹತ್ತ್ವವಿದೆ. ರಾಮಾನುಜನ್ ಅವರು ಹಿಡಿದ ದಾರಿ ಬೇರೆ. ಅವರು ಕನ್ನಡವನ್ನು ನೆನಪಿನ ವಸ್ತುವಾಗಿ ಉಳಿಸಿಕೊಳ್ಳದೆ ದಿನನಿತ್ಯದ ಕೆಲಸದ ಭಾಷೆಯಾಗಿ ಬಳಸಿದರು. ಷಿಕಾಗೊದ ಅನುಭವವನ್ನೂ ಅದರಲ್ಲಿಯೇ ಬರೆದರು. ಮೂವತ್ತು ವರ್ಷ ಹೊರದೇಶದಲ್ಲಿದ್ದರೂ ಅವರ ಕನ್ನಡ ಹಳತಾಗದೆ ಉಳಿದದ್ದಕ್ಕೆ ಇದೇ ಕಾರಣವೆನ್ನಬಹುದು.

ಗೌರವಗಳು

ಭಾರತ ಸರ್ಕಾರವು 1976ರಲ್ಲಿ ಅವರಿಗೆ ಪದ್ಮಶ್ರೀ ನೀಡಿ ಗೌರವಿಸಿತು. 1983ರಲ್ಲಿ ಅಮೆರಿಕದ ಪ್ರತಿಷ್ಠಿತ ಮ್ಯಾಕ್‌ಆರ್ಥರ್ ಫೆಲೋಷಿಪ್ ದೊರೆಯಿತು. 1990ರಲ್ಲಿ ಅಮೆರಿಕನ್ ಅಕಾಡೆಮಿ ಆಫ್ ಆರ್ಟ್ಸ್ ಅಂಡ್ ಸೈನ್ಸಸ್ ಸಂಸ್ಥೆಯ ಸದಸ್ಯರಾಗಿ ಆಯ್ಕೆಯಾದರು. ಸಮಗ್ರ ಇಂಗ್ಲಿಷ್ ಕವಿತೆಗಳ ಸಂಪುಟಕ್ಕೆ 1999ರಲ್ಲಿ ಮರಣೋತ್ತರವಾಗಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಸಂದಿತು.

ನಿಧನ ಮತ್ತು ಅನಂತರ

1993ರ ಜುಲೈ 13ರಂದು ಷಿಕಾಗೊದಲ್ಲಿ ಶಸ್ತ್ರಚಿಕಿತ್ಸೆಗೆ ಸಿದ್ಧಪಡಿಸುತ್ತಿದ್ದಾಗ ಅರಿವಳಿಕೆಯ ಪ್ರತಿಕೂಲ ಪರಿಣಾಮದಿಂದ ರಾಮಾನುಜನ್ ನಿಧನ ಹೊಂದಿದರು. ಆಗ ಅವರಿಗೆ 64 ವರ್ಷ. ಅವರ ಹಸ್ತಪ್ರತಿಗಳು, ದಿನಚರಿಗಳು ಹಾಗೂ ಪತ್ರಗಳು ಷಿಕಾಗೊ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಸಂರಕ್ಷಿತವಾಗಿವೆ. ಏಷ್ಯ ಅಧ್ಯಯನ ಸಂಘವು ದಕ್ಷಿಣ ಏಷ್ಯದ ಭಾಷೆಗಳಿಂದ ಇಂಗ್ಲಿಷಿಗೆ ಆಗುವ ಅನುವಾದಗಳಿಗೆ ಅವರ ಹೆಸರಿನಲ್ಲಿ ಪ್ರಶಸ್ತಿ ನೀಡುತ್ತಿದೆ. ಅವರ ಕನ್ನಡ ಬರಹಗಳೆಲ್ಲವನ್ನೂ ಒಳಗೊಂಡ ಸಮಗ್ರ ಸಂಪುಟವನ್ನು ರಮಾಕಾಂತ ಜೋಶಿ ಮತ್ತು ಎಸ್. ದಿವಾಕರ್ ಸಂಪಾದಿಸಿದ್ದು, ಮನೋಹರ ಗ್ರಂಥಮಾಲೆ ಅದನ್ನು 2011ರಲ್ಲಿ ಪ್ರಕಟಿಸಿತು.

ಪ್ರಮುಖ ಕೃತಿಗಳು

ಕನ್ನಡ
- ಗಾದೆಗಳು (1955)
- ಹಳದಿ ಮೀನು (ಅನುವಾದ, 1966)
- ಹೊಕ್ಕುಳಲ್ಲಿ ಹೂವಿಲ್ಲ (ಕವನಗಳು, 1969)
- ಮತ್ತು ಇತರ ಪದ್ಯಗಳು (ಕವನಗಳು, 1977)
- ಮತ್ತೊಬ್ಬನ ಆತ್ಮಚರಿತ್ರೆ (ಕಿರುಕಾದಂಬರಿ, 1978)
- ಕುಂಟೋಬಿಲ್ಲೆ (ಕವನಗಳು, 1990)

ಇಂಗ್ಲಿಷ್ ಕಾವ್ಯ
- ದಿ ಸ್ಟ್ರೈಡರ್ಸ್ (1966)
- ರಿಲೇಷನ್ಸ್ (1971)
- ಸೆಕೆಂಡ್ ಸೈಟ್ (1986)
- ಕಲೆಕ್ಟೆಡ್ ಪೊಯೆಮ್ಸ್ (1995)

ಅನುವಾದ, ಜಾನಪದ ಮತ್ತು ಪ್ರಬಂಧ
- ದಿ ಇಂಟೀರಿಯರ್ ಲ್ಯಾಂಡ್‌ಸ್ಕೇಪ್ (1967)
- ಸ್ಪೀಕಿಂಗ್ ಆಫ್ ಶಿವ (1973)
- ಸಂಸ್ಕಾರ (1976)
- ಹಿಮ್ಸ್ ಫಾರ್ ದ ಡ್ರೌನಿಂಗ್ (1981)
- ಪೊಯೆಮ್ಸ್ ಆಫ್ ಲವ್ ಅಂಡ್ ವಾರ್ (1985)
- ಫೋಕ್‌ಟೇಲ್ಸ್ ಫ್ರಮ್ ಇಂಡಿಯಾ (1991)
- ಎ ಫ್ಲವರಿಂಗ್ ಟ್ರೀ (1997)
- ಕಲೆಕ್ಟೆಡ್ ಎಸ್ಸೇಸ್ (1999)